ಆದೇಶ ನನ್ನ ಕೈಯಲ್ಲಿ, ಮನೆ ಬಾಡಿಗೆದಾರರ ಕೈಯಲ್ಲಿ: ಅನುಭವ ಇದ್ದವರು ತಿಳಿಸಿ

ಬ್ರಹ್ಮಪುರದವ, ಕಲಬುರಗಿ: ಕೆಳಮನೆ ತೆರವಿಗೆ ಬಾಡಿಗೆ ಕಾಯ್ದೆಯಡಿ ಆದೇಶವಾಗಿದೆ, ಕೋರ್ಟು ಕೊಟ್ಟ ಆರು ತಿಂಗಳ ಗಡುವೂ ಮುಗಿದಿದೆ. ಆದೇಶ ಜಾರಿ ಮಾಡಿಸಲು ಅಮಲ್ಜಾರಿ ಅರ್ಜಿ ಹಾಕಿದೆ. ಮೊನ್ನೆ ಕೋರ್ಟಿನ ಜಾರಿ ಸಿಬ್ಬಂದಿ, ಬೇಲಿಫ್, ಬಂದರೆ ಬಾಗಿಲಿಗೆ ಬೀಗ. ಹಾಗೆಂದು ಬರೆದುಕೊಂಡು ಹೊರಟುಹೋದರು. ಬೀಗ ಒಡೆಯಲು ಆದೇಶ ಸಿಕ್ಕರೆ ಒಡೆಯುವವನನ್ನು ನಾನೇ ಕರೆತರಬೇಕೆ?

ಶಹಾಬಜಾರದ ಕಾಕಾ: ತಮ್ಮಾ, ನನ್ನದನ್ನು ಕೇಳು. 2008ರಲ್ಲಿ ಅರ್ಜಿ ಹಾಕಿದಾಗ ಬಾಡಿಗೆ ತಿಂಗಳಿಗೆ 650 ರೂಪಾಯಿ. 2013ರಲ್ಲಿ ಆದೇಶ. ಬಾಡಿಗೆದಾರ ಜಿಲ್ಲಾ ಕೋರ್ಟಿಗೆ ಹೋದ, ಅಲ್ಲಿ ಸೋತು ಹೈಕೋರ್ಟಿಗೆ ಹೋದ. ಪೀಠ ಕಲಬುರಗಿಯಲ್ಲೇ ಇದ್ದುದರಿಂದ ಬೆಂಗಳೂರಿನ ರೈಲಿನ ಖರ್ಚೊಂದು ಉಳಿಯಿತು, ಅಷ್ಟೇ. ಮನೆ ಸಿಕ್ಕಿದ್ದು 2019ರ ಜೂನ್‌ನಲ್ಲಿ. ಪೊಲೀಸ್ ಬಂದೋಬಸ್ತಿಗೆ ಕಟ್ಟಿದ್ದು 8,400. ಟ್ರ್ಯಾಕ್ಟರ್ 1,800. ಹಮಾಲರು ನಾಲ್ವರು, ತಲಾ 600. ಸೂಸಲಾ, ಮಿರ್ಚಿ, ಚಹಾ 340. ವಕೀಲರ ಲೆಕ್ಕ ಬರೆಯುವುದಿಲ್ಲ, ಬರೆದರೆ ಈಗಲೂ ಎದೆ ಹಿಡಿಯುತ್ತದೆ. ಬೇಲಿಫ್ ಒಂದೊಂದೇ ಸಾಮಾನನ್ನು ಕೂಗಿ ಪಂಚನಾಮೆಗೆ ಬರೆಸಿದರು: ತಗಡಿನ ಟ್ರಂಕು ಎರಡು, ಜೋಳ ಅರ್ಧ ಚೀಲ, ಉಪ್ಪಿನಕಾಯಿ ಭರಣಿ ಒಂದು, ಬಾಯಿಗೆ ಬಟ್ಟೆ ಕಟ್ಟಿದ್ದು. ಒಯ್ಯಲು ಯಾರೂ ಬರಲಿಲ್ಲ. ನಾಲ್ಕು ತಿಂಗಳು ನನ್ನ ಪಡಸಾಲೆಯಲ್ಲೇ ಇದ್ದವು. ಆ ಭರಣಿಯನ್ನು ಮುಟ್ಟಲು ನನ್ನಾಕೆ ಯಾರಿಗೂ ಬಿಡಲಿಲ್ಲ. ಅಡುಗೆಮನೆಯ ನೆಲದ ಕಲ್ಲುಗಳನ್ನು ಮಾತ್ರ ಮೊದಲೇ ಕಿತ್ತು ಸಾಗಿಸಿದ್ದರು!

ಬೀದರಿನ ಅಕ್ಕ: ಹನ್ನೊಂದು ವರ್ಷ! ನಮ್ಮದು ಚೌಬಾರದ ಹತ್ತಿರದ ಮನೆ. ಆದೇಶವಾದ ವಾರವೇ ಬಾಡಿಗೆದಾರರ ತಾಯಿಯ ಎದುರು ಕುಳಿತು 1,50,000ಕ್ಕೆ ಮಾತು ಮುಗಿಸಿದೆ. ಮುಂಗಡ 20,000, ಉಳಿದದ್ದು ಕೀಲಿ ಕೈಗೆ ಬಂದ ಮೇಲೆ. ರಾಜಿಯನ್ನು ಕೋರ್ಟಿನಲ್ಲಿ ಬರೆಸಿಯೇ ಕೊಟ್ಟೆ. ಬಾಯಿಮಾತಿಗೆ ಕೊಟ್ಟು ದುಡ್ಡನ್ನೂ ಮನೆಯನ್ನೂ ಕಳೆದುಕೊಂಡವರನ್ನು ನೋಡಿದ್ದೇನೆ. ಬಳೆ ಅಡವಿಟ್ಟದ್ದು ನಿಜ, ಇನ್ನೂ ಬಿಡಿಸಿಲ್ಲ. ಆದರೆ ಮನೆ ನನ್ನದು.

ಶಹಾಬಜಾರದ ಕಾಕಾ: ಗೆದ್ದವರು ಸೋತವರಿಗೆ ದುಡ್ಡು ಕೊಡುವುದೇ? ನಿಮ್ಮಂಥವರಿಂದಲೇ ಬಾಡಿಗೆದಾರರೆಲ್ಲ ದರ ಕಟ್ಟಿಕೊಂಡು ಕುಳಿತಿರುವುದು.

ಬೀದರಿನ ಅಕ್ಕ: ಹನ್ನೊಂದು ವರ್ಷದ ಬಡ್ಡಿ ಲೆಕ್ಕ ಹಾಕಿ ಕಾಕಾ, ಆಮೇಲೆ ನನಗೆ ಬುದ್ಧಿ ಹೇಳಿ.

ಯಾದಗಿರಿ, ಸ್ಟೇಷನ್ ರಸ್ತೆ: ನೀವಿಬ್ಬರೂ ಪುಣ್ಯವಂತರು. ನನ್ನ ಮೊದಲ ಮೂರು ವರ್ಷ ನೀರಿನಲ್ಲಿ ಹೋಮ. ಅಂಗಡಿ 14 ಚದರ ಮೀಟರಿಗಿಂತ ದೊಡ್ಡದು, 1999ರ ಬಾಡಿಗೆ ಕಾಯ್ದೆಗೆ ಬರುವುದೇ ಇಲ್ಲ. ಟೇಪು ಹಿಡಿದು ಅಳೆಯಲು ನಮ್ಮ ವಕೀಲರಿಗೆ ಮೂರು ವರ್ಷ ಬೇಕಾಯಿತು. ಮತ್ತೆ ಆಸ್ತಿ ವರ್ಗಾವಣೆ ಕಾಯ್ದೆಯ 106ನೇ ಕಲಮಿನಡಿ ಬಾಡಿಗೆ ಕೊನೆಗೊಳಿಸುವ ನೋಟಿಸು, ಹದಿನೈದು ದಿನ, ಹೊಸ ದಾವೆ. ಡಿಕ್ರಿ, ಅಂದರೆ ದಾವೆಯ ತೀರ್ಪಿನ ಆದೇಶ, ಹಿಡಿದು ಬೇಲಿಫ್ ಬಂದ ದಿನ ಗಲ್ಲೆಯ ಮುಂದೆ ಕುಳಿತವನು ಬಾಡಿಗೆದಾರನಲ್ಲ, ಅವನ ಷಡ್ಡಕ! ತಾನೇ ಪಾಲುದಾರ, ತನ್ನ ಮೇಲೆ ಡಿಕ್ರಿ ಇಲ್ಲ ಎಂದ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶ, 97ನೇ ನಿಯಮದಡಿ ಅಡ್ಡಿ ತೆಗೆಸುವ ಅರ್ಜಿ ಹಾಕಿದೆ. ಸಾಕ್ಷಿ, ಪಾಟೀಸವಾಲು ಎಂದು ಎರಡೂವರೆ ವರ್ಷವಾಯಿತು. ಆರು ತಿಂಗಳಲ್ಲಿ ಅಮಲ್ಜಾರಿ ಮುಗಿಸಿ ಎಂದು 2021ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆ ತೀರ್ಪಿನ ಪ್ರತಿ ಮೂರು ಸಲ ಕೊಟ್ಟಿದ್ದೇನೆ. ಝೆರಾಕ್ಸಿಗೆ ಪ್ರತಿ ಸಲ 62 ರೂಪಾಯಿ.

ಹಳೆಯ ಬಾಡಿಗೆದಾರ: ಎಲ್ಲರೂ ಮಾಲೀಕರೇ ಮಾತನಾಡುತ್ತಿದ್ದೀರಿ. ಕಿರಾಣಾ ಬಜಾರಿನ ಅಂಗಡಿಗೆ ನಮ್ಮ ತಂದೆ ಪಗಡಿ, ಅಂದರೆ ಬಾಡಿಗೆಗೆ ಹಿಡಿಯುವಾಗ ಕೊಡುವ ಇಡಿಗಂಟು, ಕೊಟ್ಟಿದ್ದರು, ರಸೀದಿ ಇಲ್ಲ. ಶಹಾಬಾದ್ ಕಲ್ಲು ಹಾಸಿದ್ದೂ ನಾವೇ. ಹೊರಬೀಳುವ ಹಿಂದಿನ ರಾತ್ರಿ 22 ಕಲ್ಲು ಎಬ್ಬಿಸಿಕೊಂಡು ಬಂದೆ. ಬೇಕಾದುದನ್ನು ಅನ್ನಿ.

ಶಹಾಬಜಾರದ ಕಾಕಾ: ನನ್ನ ಮನೆಯ ಕಲ್ಲು ಕಿತ್ತವರೂ ನಿಮ್ಮ ಜಾತಕದವರೇ. ಹೊಲಸು ಬುದ್ಧಿ.

ಹಳೆಯ ಬಾಡಿಗೆದಾರ: ನೆಟ್ಟಗೆ ಮಾತನಾಡಿ. ಆ ಕಲ್ಲಿಗೆ ದುಡ್ಡು ಕೊಟ್ಟವನು ನಾನು.

ಯಾದಗಿರಿ, ಸ್ಟೇಷನ್ ರಸ್ತೆ: ಪಾಲಿಶ್ ಕಲ್ಲೋ ಒರಟು ಕಲ್ಲೋ? ಪಾಲಿಶ್ ಮಾಡಿದ್ದಾದರೆ ಎಬ್ಬಿಸುವಾಗ ಅರ್ಧ ಒಡೆಯುತ್ತವೆ.

ಹಳೆಯ ಬಾಡಿಗೆದಾರ: ಒರಟು. ಮೂರು ಒಡೆದವು.

ಬ್ರಹ್ಮಪುರದವ, ಕಲಬುರಗಿ: ಹಿರಿಯರೇ, ಬೀಗ ಒಡೆಯುವವನ ವಿಷಯ ಕೇಳಿದ್ದೆ.

ಶಹಾಬಜಾರದ ಕಾಕಾ: ನಾನೇ ಕರೆದೊಯ್ದಿದ್ದೆ, 300 ಕೊಟ್ಟೆ. ಅದಿರಲಿ, ನಿನ್ನ ಕೆಳಮನೆಗೆ ಯಾವ ಕಲ್ಲು ಹಾಸಿದೆ, ಅದನ್ನು ಮೊದಲು ಹೇಳು.