ಗೈರುಹಾಜರಿಗೆ ವಜಾ ಆದ ಮೇಲ್ಮನವಿ: 70 ದಿನ ಕಳೆದಿದೆ, ದಾರಿ ಇದೆಯೇ?

ಪ್ರಶ್ನೆ: ಜಿಲ್ಲಾ ನ್ಯಾಯಾಲಯದಲ್ಲಿದ್ದ ಮೇಲ್ಮನವಿ, ಕೂಗಿದಾಗ ಯಾರೂ ಇಲ್ಲವೆಂದು ವಜಾ ಆಗಿದೆ. ಹೈಕೋರ್ಟಿಗೆ ಎರಡನೇ ಮೇಲ್ಮನವಿ ಹಾಕಬೇಕೇ?

ಉತ್ತರ 1: ಬೇಡ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 19ರಡಿ, ವಜಾ ಆದ ಮೇಲ್ಮನವಿಯನ್ನು ಮತ್ತೆ ವಿಚಾರಣೆಗೆ ತೆಗೆದುಕೊಳ್ಳುವಂತೆ ಅದೇ ಕೋರ್ಟಿಗೆ ಅರ್ಜಿ ಹಾಕಿ. ಕಾಲಮಿತಿ 30 ದಿನ. ಎಣಿಕೆ ವಜಾ ಆದ ದಿನದಿಂದ, ನಿಮಗೆ ತಿಳಿದ ದಿನದಿಂದಲ್ಲ. 40 ದಿನದ ವಿಳಂಬ ಮನ್ನಿಸಲು ಕಾಲಮಿತಿ ಕಾಯ್ದೆಯ ಕಲಂ 5ರಡಿ ಬೇರೆ ಅರ್ಜಿ, ಅಫಿಡವಿಟ್ ಸಮೇತ. ‘ವಕೀಲರು ತಿಳಿಸಲಿಲ್ಲ’ ಎಂಬ ಒಂದೇ ಸಾಲು ಸಾಲದು. ಯಾವಾಗ ತಿಳಿಯಿತು, ಆಮೇಲೆ ಏನು ಮಾಡಿದಿರಿ, ದಿನಾಂಕ ಸಮೇತ ಬರೆಯಿರಿ.

ಉತ್ತರ 2: ಆದೇಶದ ನಕಲು ಸಿಗಲು ಹಿಡಿದ ದಿನಗಳನ್ನು ಕಾಲಮಿತಿಯ ಎಣಿಕೆಯಿಂದ ಕಳೆಯುವ ಸೌಲಭ್ಯ ಮೇಲ್ಮನವಿಗೆ ಉಂಟು, ಈ ಅರ್ಜಿಗಿಲ್ಲ. ಹಲವರು ಎಡವುವುದೇ ಇಲ್ಲಿ. ಅರ್ಜಿ ತಿರಸ್ಕೃತವಾದರೆ ಆದೇಶ 43ರಡಿ ಮೇಲ್ಮನವಿ ಇದೆ.

ಉತ್ತರ 3: ಮೊದಲು ಕೋರ್ಟಿನ ವಜಾ ಆದೇಶವನ್ನು ಓದಿ. ಮೇಲ್ಮನವಿದಾರ ಗೈರಾದಾಗ ಗುಣಾವಗುಣ (ಮೇಲ್ಮನವಿಯಲ್ಲಿ ಹುರುಳಿದೆಯೇ ಎಂಬುದನ್ನು) ನೋಡಿ ವಜಾ ಮಾಡುವಂತಿಲ್ಲ, ಅದೇ ಆದೇಶ 41ರ ನಿಯಮ 17ರ ವಿವರಣೆ ಸ್ಪಷ್ಟ. ಹಾಗೇನಾದರೂ ಆಗಿದ್ದರೆ ಲೆಕ್ಕವೇ ಬೇರೆ.