ವಿಷಯ: ಕುರಳ್ 788ರ ‘ನಟ್ಪು’ಗೆ ಕಲ್ಲಿನ ಮೇಲೆ ಯಾವ ಪದ? (ತುರ್ತು)

ನುಡಿಗಟ್ಟು:
ಎಲ್ಲರಿಗೂ ನಮಸ್ಕಾರ. ಉದ್ಯಾನವೊಂದರ ಗ್ರಾನೈಟ್ ಬೆಂಚಿನ ಬೆನ್ನಿಗೆ ತಮಿಳಿನ ತಿರುಕ್ಕುರಳಿನ ಈ ಪದ್ಯವನ್ನು ಕನ್ನಡದಲ್ಲಿ ಕೆತ್ತಿಸಬೇಕಿದೆ:

ಉಡುಕ್ಕೈ ಇೞಂದವನ್ ಕೈಪೋಲ ಆಂಗೇ
ಇಡುಕ್ಕಣ್ ಕಳೈವದಾಂ ನಟ್ಪು

ಕರಡು: ‘ವಸ್ತ್ರ ಕಳೆದುಕೊಂಡವನ ಕೈಯಂತೆ ಅಲ್ಲೇ / ಕಷ್ಟವನ್ನು ಕಳೆಯುವುದೇ ಸ್ನೇಹ’. ಕಲ್ಲಿನ ಅಗಲ 48 ಇಂಚು, ಅಂಚು ಬಿಟ್ಟು 42. ಅಕ್ಷರದ ಎತ್ತರ 2 ಇಂಚು, ಎರಡೇ ಸಾಲು. ಕಡೆಯ ಪದ ‘ನಟ್ಪು’ಗೆ ಸ್ನೇಹವೋ, ಗೆಳೆತನವೋ, ಮೈತ್ರಿಯೋ? ನಾಳೆ ಸಂಜೆ 5ಕ್ಕೆ ಕಡತ ಕೆತ್ತುವವರ ಕೈ ಸೇರಬೇಕು.

ಓಲೆಗರಿ:
ಮೈತ್ರಿ ಬೇಡವೇ ಬೇಡ. ಪತ್ರಿಕೆಯವರು ಆ ಪದವನ್ನು ಸರ್ಕಾರ ಕಟ್ಟುವುದಕ್ಕೆ, ಕೆಡವುವುದಕ್ಕೆ ಬಳಸಿ ಬಳಸಿ ಸವೆಸಿದ್ದಾರೆ.

ನಟ್ಪುವಿನ ಒಡಹುಟ್ಟು ಹಳಗನ್ನಡದಲ್ಲೇ ಇದೆ: ನಣ್ಪು. ನಂಟು, ನಂಟ, ನೆಂಟ ಎಲ್ಲ ಅದೇ ಬಳ್ಳಿಯವು. ಆದರೆ ಒಂದು ಅದಲುಬದಲು ಆಗಿದೆ ನೋಡಿ. ತಮಿಳಿನಲ್ಲಿ ನಣ್ಬನ್ ಎಂದರೆ ಗೆಳೆಯ; ನಮ್ಮಲ್ಲಿ ಅದೇ ಬೇರಿನ ನೆಂಟ ಮದುವೆಮನೆಗೆ ಬಂದು ಕೂರುವ ಬಂಧು. ಇತ್ತ ನಮ್ಮ ಕೆಳೆಯ (ಈಗ ಗೆಳೆಯ) ತಮಿಳಿನ ಕೇಳ್ ಜೊತೆಯವನು. ‘ಯಾದುಂ ಊರೇ ಯಾವರುಂ ಕೇಳಿರ್’ ಎಂಬ, ಹಳೆಯ ತಮಿಳು ಪದ್ಯಸಂಕಲನ ಪುರನಾನೂರಿನ 192ನೇ ಪದ್ಯದಲ್ಲಿ ಕೇಳಿರ್ ಎಂದರೆ ನೆಂಟರು. ಅವರ ಗೆಳೆಯ ನಮಗೆ ನೆಂಟ, ಅವರ ನೆಂಟ ನಮಗೆ ಗೆಳೆಯ. ಹೀಗಾಗಿ ‘ನಂಟು’ ಹಾಕಿದರೆ ಬೆಂಚಿನ ಮೇಲೆ ಕೂತವರು ಬೀಗರನ್ನು ನೆನೆಯುತ್ತಾರೆ. ಗೆಳೆತನಕ್ಕೆ ಹಳೆಯ ಪದ ‘ಕೆಳೆ’ ಎಂದು ಹಾಕಿ. ಎರಡೇ ಅಕ್ಷರ, ಅಚ್ಚ ಕನ್ನಡ.

ಮೇಷ್ಟ್ರು:
ಕೆಳೆ ಎಂದರೆ ಉದ್ಯಾನಕ್ಕೆ ಬರುವವರು ‘ಕಳೆ’ಯ ತಪ್ಪು ಕೆತ್ತನೆ ಅಂದುಕೊಳ್ಳುತ್ತಾರೆ. ಹುಲ್ಲಿನ ಮಧ್ಯದ ಬೆಂಚು ಬೇರೆ. ಸ್ನೇಹ ಇರಲಿ. ಸ್ನಿಹ್ ಧಾತುವಿಗೆ ಅಂಟುವುದು, ಜಿಡ್ಡಾಗುವುದು ಎಂಬ ಅರ್ಥಗಳಿವೆ. ಆಯುರ್ವೇದದಲ್ಲಿ ತುಪ್ಪ, ಎಣ್ಣೆ, ವಸೆ (ಕೊಬ್ಬು), ಮಜ್ಜೆ ಈ ನಾಲ್ಕೂ ಸ್ನೇಹಗಳೇ. ಉಜ್ಜಾಟವಿಲ್ಲದೆ ಜೊತೆಗಿರುವುದಕ್ಕೆ ಇದಕ್ಕಿಂತ ಒಳ್ಳೆಯ ಪದ ಯಾವುದಿದೆ?

ಓಲೆಗರಿ:
ಆ ಜಿಡ್ಡೂ ನಮ್ಮದೇ. ನೆಯ್ ಎಂದರೆ ತುಪ್ಪ, ಎಣ್ಣೆ. ಎಳ್ + ನೆಯ್ = ಎಣ್ಣೆ. ನೆಯ್‌ನಿಂದ ನೇಹ, ನೇಹದಿಂದ ಸ್ನೇಹ.

ಮೇಷ್ಟ್ರು:
ತಲೆಕೆಳಗು. ಸ್ನೇಹದಿಂದ ಪ್ರಾಕೃತದ ಣೇಹ, ಅಲ್ಲಿಂದ ನಮ್ಮ ನೇಹ, ನೇಹಿಗ. ನೆಯ್‌ನಲ್ಲಿ ಹಕಾರ ಎಲ್ಲಿದೆ? ಮೊದಲಿನ ಸಕಾರವನ್ನು ಯಾರು ತಂದು ಅಂಟಿಸಿದರು? ಅರ್ಥ ಹೊಂದಿದ್ದಕ್ಕೆಲ್ಲ ವಂಶವೃಕ್ಷ ಬರೆಯಬಾರದು.

ಜೋಳದರೊಟ್ಟಿ:
ನಮ್ ಕಲಬುರಗಿ ಕಡೆ ದೋಸ್ತಿ ಅಂದ್ರ ಕೂಸಿಗೂ ತಿಳೀತದ್ರಿ. ಅದ್ಯಾಕ ಪಟ್ಟಿನಾಗ ಇಲ್ಲ?

ಓಲೆಗರಿ:
ಪಾರಸಿ. ಮುಂದೆ ನಡೆಯಿರಿ.

ಜೋಳದರೊಟ್ಟಿ:
ಪಾರಸಿ ಆದ್ರ ಏನಾತ್ರಿ? ಹಳೆ ಪಾರಸಿಯ ದೌಶ್ತಾ, ಸಂಸ್ಕೃತದ ಜುಷ್ ಧಾತು ಎರಡೂ ಅಣ್ಣತಮ್ಮಂದಿರು. ಮೇಷ್ಟ್ರ ಸ್ನೇಹ ಒಳಗ ಬಂದ ಬಾಗಿಲ ನಮ್ ದೋಸ್ತಿಗೆ ಯಾಕ ಮುಚ್ತೀರಿ? ನೀವು ಹೆಮ್ಮೆಪಡೂ ಗೆಳೆತನದಾಗಿನ ‘ತನ’ ಸೈತ ಪ್ರಾಕೃತದ ‘ತ್ತಣ’ದಿಂದ ಬಂತು ಅಂತ ವಾದ ಅದ.

ಓಲೆಗರಿ:
ಅದಕ್ಕೇ ಕೆಳೆ ಅಂದದ್ದು, ಗೆಳೆತನ ಅನ್ನಲಿಲ್ಲ.

ಉಳಿಸುತ್ತಿಗೆ:
ವಂಶಾವಳಿ ಆಮೇಲೆ ನೋಡೋಣ. ಕೆತ್ತನೆಯ ಕಡೆಯಿಂದ ಹೇಳುತ್ತೇನೆ. 2 ಇಂಚಿನ ಅಕ್ಷರಕ್ಕೆ ಒತ್ತು ಬಂದರೆ ಕೆಳಗೆ ಇನ್ನೂ ಮುಕ್ಕಾಲು ಇಂಚು ಬಿಡಬೇಕು. ಇಲ್ಲದಿದ್ದರೆ ಮೇಲಿನ ಸಾಲಿನ ಒತ್ತು ಕೆಳಸಾಲಿನ ತಲೆಕಟ್ಟಿಗೆ ತಾಗುತ್ತದೆ. ನಿಮ್ಮ ಕರಡಿನಲ್ಲಿ ಸ್ತ್ರ, ಲ್ಲೇ, ಷ್ಟ, ನ್ನು, ಸ್ನೇ, ಐದು ಕಡೆ ಒತ್ತು. ‘ಸ್ತ್ರ’ಕ್ಕೆ ಎರಡು. ಮರಳು ಸಿಡಿಸಿ ಕೆತ್ತುವಾಗ ಒತ್ತಿನ ಸುಳಿಯೊಳಗಿನ ರಬ್ಬರ್ ಚೂರು ಎದ್ದುಹೋಗುತ್ತದೆ, ಸುಳಿ ಮುಚ್ಚಿ ಗುಳಿಯಾಗುತ್ತದೆ. ಒತ್ತಿಲ್ಲದ ಪದ ಸಿಕ್ಕರೆ ಅದನ್ನೇ ಹಾಕಿ. ಗೆಳೆತನದಲ್ಲಿ ಒತ್ತಿಲ್ಲ.

ಕಡತವನ್ನು ಅಕ್ಷರವಾಗಿ ಕಳಿಸಬೇಡಿ. ‘ನುಡಿ’ ತಂತ್ರಾಂಶದ ಹಳೆಯ, ಯೂನಿಕೋಡ್ ಅಲ್ಲದ ಅಕ್ಷರಶೈಲಿಯಾದರೆ ಅವರ ಯಂತ್ರದಲ್ಲಿ ಇಂಗ್ಲಿಷ್ ಕಸವಾಗಿ ತೆರೆದುಕೊಳ್ಳುತ್ತದೆ. ಯೂನಿಕೋಡ್ ಆದರೂ ಕೆಲವು ಕೆತ್ತನೆ ತಂತ್ರಾಂಶಗಳು ‘ಸ್ನೇ’ಯನ್ನು ಸ, ನ, ಏತ್ವ ಅಂತ ಬಿಡಿಬಿಡಿ ಮಾಡಿಬಿಡುತ್ತವೆ. ಇಂಕ್‌ಸ್ಕೇಪ್ ಎಂಬ ಚಿತ್ರ ಬಿಡಿಸುವ ತಂತ್ರಾಂಶದಲ್ಲಿ ಟೈಪಿಸಿ, ಗೆರೆಗಳಾಗಿ ಬದಲಿಸಿ, ಅಳತೆಗೆ ಸರಿಯಾಗಿ ಕಾಗದದಲ್ಲಿ ಮುದ್ರಿಸಿ ಕಲ್ಲಿಗೆ ಅಂಟಿಸಿ ಒಮ್ಮೆ ನೋಡಿ. ಳ, ಲ ತಿರುವುಮುರುವಾಗಿದ್ದರೆ ಸಿಕ್ಕಿಬೀಳುವುದು ಆಗಲೇ.

ಪದಸಂಧಿ:
ಕಡೆಯ ಪದ ಬಿಡಿ, ಮೊದಲ ಸಾಲೇ ಜಾರಿದೆ. ‘ವಸ್ತ್ರ ಕಳೆದುಕೊಂಡವನು’ ಅಂದರೆ ಬಟ್ಟೆ ಕಳವಾದವನು, ಠಾಣೆಗೆ ಹೋಗಬೇಕಾದವನು. ಮೂಲದಲ್ಲಿ ಉಟ್ಟದ್ದು ಜಾರುತ್ತಿದೆ, ಯೋಚಿಸುವ ಮೊದಲೇ ಕೈ ಸೊಂಟಕ್ಕೆ ಹೋಗುತ್ತದೆ. ಕೈಯನ್ನು ಯಾರೂ ಕರೆಯುವುದಿಲ್ಲ. ಪದ್ಯದ ಜೀವ ಆ ವೇಗದಲ್ಲಿದೆ. ‘ಆಂಗೇ’ಯನ್ನು ಜಾಗಸೂಚಕ ‘ಅಲ್ಲೇ’ ಮಾಡಿದರೆ ಅದು ಹೋಯಿತು. ‘ಆಗಲೇ’ಯೂ ಆಗದು. ‘ಕೈಯಂತೆ ಆಗಲೇ’ ಎಂದರೆ ‘ಕೈಯಂತೆ ಆಗಲೋ ಬೇಡವೋ’ ಎಂದು ಯಾರೋ ಕೇಳಿದ ಹಾಗಿದೆ. ಮೇಲಾಗಿ ‘ಕಳೆದುಕೊಂಡ’, ‘ಕಳೆಯುವ’ ಎರಡೂ ಬಂದು ಕೈಗೆ ಕೈ ಸಿಕ್ಕಿಕೊಂಡಿವೆ.

ಮೂಲದಲ್ಲಿ ಉಡುಕ್ಕೈ, ಇಡುಕ್ಕಣ್ ಎರಡನೇ ಅಕ್ಷರದ ಪ್ರಾಸ. ತಮಿಳಿನ ಎದುಗೈ, ನಮ್ಮ ಆದಿಪ್ರಾಸ. ಇಲ್ಲಿ ಡಕಾರ ಉಳಿಸಿಕೊಳ್ಳಬಹುದು. ಉಡು, ಕಳೆ ಎರಡೂ ಭಾಷೆಗೂ ಸಮಾನ. ಇಡುಕ್ಕಣ್‌ಗೆ ಎಡರು ಹೊಂದುತ್ತದೆ. ಆಂಗೇಗೆ ‘ಒಡನೆ’ ಹಾಕಿ. ತಕ್ಷಣ ಎಂಬ ಅರ್ಥವೂ ಬಂತು, ಒಡನಾಡಿಯ ‘ಜೊತೆ’ಯೂ ಬಂತು:

ಉಡುಗೆ ಜಾರಿದವನ ಕೈಯಂತೆ ಒಡನೆ
ಎಡರ ಕಳೆವುದು ಗೆಳೆತನ

ಮೂಲದ ಹಾಗೇ ನಾಲ್ಕು ಮತ್ತು ಮೂರು, ಒಟ್ಟು ಏಳು ಪದ. ಒಂದೂ ಒತ್ತಿಲ್ಲ.

ಮೇಷ್ಟ್ರು:
ಉಡುಗೆಯ ಉ, ಎಡರದ ಎ ಎರಡೂ ಹ್ರಸ್ವ. ಸಿಂಹಪ್ರಾಸ (ಮೊದಲಕ್ಷರ ಹ್ರಸ್ವವಾದ ಆದಿಪ್ರಾಸ) ಕೂತಿದೆ. ಒಪ್ಪಿದೆ. ಆದರೆ ಉಡುಗೆ ಎಂದರೆ ಇಂದಿನವರಿಗೆ ಉಡುಗೆತೊಡುಗೆ. ಜಾರುವುದು ಪಂಚೆ.

ಪದಸಂಧಿ:
ಪಂಚೆ ಹಾಕಿದರೆ ಪ್ರಾಸ ಜಾರುತ್ತದೆ, ಮೇಷ್ಟ್ರೇ. ಹಿಡಿಯಲು ನಿಮ್ಮ ಕೈ ಬೇಕಾಗುತ್ತದೆ.

ಓಲೆಗರಿ:
ಕಡೆಯಲ್ಲಿ ‘ಎಡರ ಕಳೆವುದು ಕೆಳೆ’ ಎಂದಿಟ್ಟರೆ ಕಳೆ, ಕೆಳೆ ಅನುರಣನವೂ ಸಿಕ್ಕೀತು. ಕೊನೆಯ ಮನವಿ.

ನುಡಿಗಟ್ಟು:
ಅನುರಣನ ಚೆನ್ನಾಗಿದೆ ಸಾರ್, ಆದರೆ ಓದುವವರು ನಿಂತು ಅರ್ಥ ಕೇಳುವಂತಿರಬಾರದು. ಪದಸಂಧಿಯವರ ಎರಡು ಸಾಲು ಹೋಗುತ್ತಿದೆ. ಮೇಲಿನ ಸಾಲು 38 ಇಂಚಿನಲ್ಲಿ ಹಿಡಿಸಿತು. ಕೆಳಗೆ ‘ತಿರುಕ್ಕುರಳ್ 788’ ಎಂದು ಮುಕ್ಕಾಲು ಇಂಚಿನ ಅಕ್ಷರದಲ್ಲಿ.

ಓಲೆಗರಿ:
ರಕಾರವೇ? ಮೂಲದಲ್ಲಿ ಶಕಟರೇಫ, ಅಂದರೆ ಹಳಗನ್ನಡದ ಱ. ತಿರುಕ್ಕುಱಳ್ ಎಂದಾಗಬೇಕು.

ಉಳಿಸುತ್ತಿಗೆ:
ಮುಕ್ಕಾಲು ಇಂಚಿನಲ್ಲಿ ‘ಕ್ಕು’ವಿನ ಒತ್ತಿನ ಸುಳಿ ಉಳಿಯುವುದೇ ಕಷ್ಟ. ಅದರ ಪಕ್ಕ ಱ ಬೇರೆಯೇ? ‘ಕುರಳ್ 788’ ಸಾಕು.

ಓಲೆಗರಿ:
‘ಕುಱಳ್ 788’.