ಸರ್ಕಾರಿ ಪ್ಯಾನಲ್‌ಗೆ ವಕೀಲರ ನೇಮಕ: ಹೈಕೋರ್ಟಿನಲ್ಲಿ ಪ್ರಶ್ನಿಸಲು ಸಾಧ್ಯವೇ?

ಪ್ರಶ್ನೆ – ಗದಗದ ಒಬ್ಬ ವಕೀಲರು

ಮಾನ್ಯರೇ, ನಮ್ಮ ಭಾಗದ ಒಂದು ಸಾರ್ವಜನಿಕ ಸಂಸ್ಥೆಯು ತನ್ನ ಪ್ರಕರಣಗಳನ್ನು ನಡೆಸಲು ಹೊಸ ವಕೀಲರ ಪ್ಯಾನಲ್ ರಚಿಸಿದೆ. ಅರ್ಜಿ ಆಹ್ವಾನಿಸುವ ಪ್ರಕಟಣೆ ಪತ್ರಿಕೆಗಳಲ್ಲಿ ಬರಲಿಲ್ಲ, ವಕೀಲರ ಸಂಘದ ಸೂಚನಾ ಫಲಕದಲ್ಲಿಯೂ ಹಚ್ಚಲಿಲ್ಲ. ಹಳೆಯ ಪ್ಯಾನಲ್‌ನಲ್ಲಿದ್ದ ನಮ್ಮ ಹಿರಿಯರಿಗೆ ಕಡತಗಳನ್ನು ಕೂಡಲೇ ಮರಳಿಸಬೇಕೆಂಬ ಎರಡು ಸಾಲಿನ ಪತ್ರ ಬಂದಿದ್ದು, ಪಾಟೀಸವಾಲು (ಎದುರು ಪಕ್ಷದ ಸಾಕ್ಷಿಯನ್ನು ಪ್ರಶ್ನಿಸುವುದು) ಅರ್ಧಕ್ಕೆ ನಿಂತಿರುವ ದಾವೆಗಳನ್ನೂ ಅದರಲ್ಲಿ ಸೇರಿಸಲಾಗಿದೆ. ಅವರ ಶುಲ್ಕವೂ ಬಾಕಿಯಿದೆ. ಈ ನೇಮಕವನ್ನು ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿಯ (ಸಾರ್ವಜನಿಕ ಸಂಸ್ಥೆಯ ಕ್ರಮದ ವಿರುದ್ಧ ನೇರವಾಗಿ ಹೈಕೋರ್ಟಿಗೆ ಸಲ್ಲಿಸುವ ಅರ್ಜಿ) ಮೂಲಕ ಪ್ರಶ್ನಿಸಿದರೆ, ಕಕ್ಷಿದಾರನು ತನಗೆ ಬೇಕಾದ ವಕೀಲನನ್ನು ಇಟ್ಟುಕೊಳ್ಳುತ್ತಾನೆ ಎಂಬ ಒಂದೇ ಮಾತಿಗೆ ಅದು ವಜಾ ಆಗುವುದೇ?

ಉತ್ತರ – ಧಾರವಾಡ ಪೀಠದಲ್ಲಿ ವೃತ್ತಿ ಮಾಡುವ ವಕೀಲೆ

ಸರ್, ಆ ಒಂದೇ ಮಾತಿಗೆ ವಜಾ ಆಗುವ ಕಾಲ ಹೋಗಿದೆ. ಉತ್ತರ ಪ್ರದೇಶ ಸರ್ಕಾರವು 1990ರಲ್ಲಿ ಒಂದೇ ಸುತ್ತೋಲೆಯಿಂದ ರಾಜ್ಯದ ಎಲ್ಲ ಜಿಲ್ಲೆಗಳ ಸರ್ಕಾರಿ ವಕೀಲರನ್ನು ಬಿಡುಗಡೆ ಮಾಡಿದಾಗ, ಶ್ರೀಲೇಖಾ ವಿದ್ಯಾರ್ಥಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಸುತ್ತೋಲೆಯನ್ನು ರದ್ದುಪಡಿಸಿ, ಕರಾರಿನ ಸಂಬಂಧವಿದ್ದರೂ ಸರ್ಕಾರವು ಸಮಾನತೆಯ ಹಕ್ಕನ್ನು ಕೊಡುವ ಸಂವಿಧಾನದ 14ನೇ ವಿಧಿಯಿಂದ ಹೊರಗೆ ನಿಲ್ಲಲಾರದು ಎಂದಿತು. ಅದಾದ ಮೇಲೆ 2016ರ ಮಾರ್ಚ್‌ನಲ್ಲಿ, ಬ್ರಿಜೇಶ್ವರ್ ಸಿಂಗ್ ಚಹಲ್ ಪ್ರಕರಣದಲ್ಲಿ ಮುಖ್ಯ ನ್ಯಾಯಮೂರ್ತಿ ಟಿ.ಎಸ್. ಠಾಕೂರ್ ಅವರಿದ್ದ ಪೀಠವು ಪಂಜಾಬ್ ಮತ್ತು ಹರಿಯಾಣದ ನೇಮಕಗಳನ್ನು ಪರಿಶೀಲಿಸಿ, ಸಾರ್ವಜನಿಕ ಹಣದಿಂದ ಶುಲ್ಕ ಪಡೆಯುವ ವಕೀಲರ ಆಯ್ಕೆಯು ನ್ಯಾಯಸಮ್ಮತವೂ ತಾರತಮ್ಯರಹಿತವೂ ಆಗಿರಬೇಕೆಂದು ಹೇಳಿತು. ಆಯ್ಕೆ ಸಮಿತಿ ರಚಿಸಬೇಕೆಂಬ ನಿರ್ದೇಶನವು ಆ ಎರಡು ರಾಜ್ಯಗಳಿಗೆ ಕೊಟ್ಟದ್ದು. ಉಳಿದ ರಾಜ್ಯಗಳಿಗೆ ತಮ್ಮ ಪದ್ಧತಿಯನ್ನು ಸುಧಾರಿಸಿಕೊಳ್ಳುವುದು ಒಳಿತೆಂಬ ಸಲಹೆ ಮಾತ್ರವಿದೆ. ಎದುರು ಪಕ್ಷದವರು ಇದನ್ನು ಖಂಡಿತ ಎತ್ತಿ ತೋರಿಸುತ್ತಾರೆ.

ಅದೇ ತೀರ್ಪಿನಲ್ಲಿ ನಿಮಗೆ ಕಹಿಯಾದ ಮಾತೂ ಇದೆ. ಸರ್ಕಾರಿ ವಕೀಲನಾಗಿ ನೇಮಕಗೊಳ್ಳುವ ಹಕ್ಕಾಗಲಿ, ಅವಧಿ ಮುಂದುವರಿಸಿಕೊಳ್ಳುವ ಹಕ್ಕಾಗಲಿ ಯಾವ ವಕೀಲನಿಗೂ ಇಲ್ಲ. ನ್ಯಾಯಾಲಯ ನೋಡುವುದು ಆಯ್ಕೆಯ ಪ್ರಕ್ರಿಯೆಯನ್ನು, ಅಭ್ಯರ್ಥಿಗಳ ಯೋಗ್ಯತೆಯನ್ನು ತಕ್ಕಡಿಗೆ ಹಾಕುವುದಿಲ್ಲ. ಸುಪ್ರೀಂ ಕೋರ್ಟಿನ 2004ರ ಜೋಹ್ರಿ ಮಲ್ ತೀರ್ಪಿನ ಧಾಟಿಯೂ ಇದೇ. ಆದ್ದರಿಂದ ನಿಮ್ಮ ಹಿರಿಯರನ್ನು ಪುನಃ ನೇಮಿಸಬೇಕೆಂದು ಕೋರಬೇಡಿ. ಪ್ಯಾನಲ್ ಆದೇಶವನ್ನು ರದ್ದುಪಡಿಸಿ, ಪ್ರಕಟಣೆ ಹೊರಡಿಸಿ, ಅರ್ಜಿ ಪಡೆದು ಹೊಸದಾಗಿ ಆಯ್ಕೆ ಮಾಡುವಂತೆ ನಿರ್ದೇಶನ ಕೇಳಿ. ಕೋ ವಾರಂಟೊ (ಯಾವ ಅಧಿಕಾರದಿಂದ ಹುದ್ದೆಯಲ್ಲಿದ್ದೀರಿ ಎಂದು ಪ್ರಶ್ನಿಸುವ ರಿಟ್) ಕೋರಿಕೆ ಸಾರ್ವಜನಿಕ ಹುದ್ದೆಗೆ ಹೊಂದುವಂಥದ್ದು. ಪ್ಯಾನಲ್ ಸದಸ್ಯತ್ವಕ್ಕೆ ಅದನ್ನು ಅನ್ವಯಿಸಲು ಹೋಗುವುದು ವ್ಯರ್ಥವೆಂದು ನನ್ನ ಅಭಿಪ್ರಾಯ.

ಉತ್ತರ – ಹಾವೇರಿಯ ಹಿರಿಯ ವಕೀಲರು

ಮೇಡಂ ಹೇಳಿದ್ದು ಸರಿಯಾಗಿದೆ. ಆದರೆ ಮೊದಲು ನೇಮಕಾತಿ ಆದೇಶದ ‘ಉಲ್ಲೇಖ’ ಎಂಬ ಭಾಗವನ್ನು ಓದಿರಿ. ಸೆಷನ್ಸ್ ನ್ಯಾಯಾಲಯದ ಸರ್ಕಾರಿ ಅಭಿಯೋಜಕರ ವಿಷಯವಾಗಿದ್ದರೆ ವಾದವೇ ಬೇರೆ. ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ ಕಲಂ 24, ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 18ರಂತೆ ಜಿಲ್ಲಾ ದಂಡಾಧಿಕಾರಿಗಳು ಸೆಷನ್ಸ್ ನ್ಯಾಯಾಧೀಶರೊಂದಿಗೆ ಸಮಾಲೋಚಿಸಿ ಹೆಸರುಗಳ ಪಟ್ಟಿ ಸಿದ್ಧಪಡಿಸಬೇಕು, ಕನಿಷ್ಠ 7 ವರ್ಷದ ವೃತ್ತಿ ಇರಬೇಕು. ಅಭಿಯೋಜಕರ ಪ್ರತ್ಯೇಕ ವೃಂದವಿದ್ದಲ್ಲಿ ಅದರಿಂದಲೇ ನೇಮಕವಾಗಬೇಕು. ಜಿಲ್ಲಾ ಸರ್ಕಾರಿ ವಕೀಲರಿಗಾದರೆ ನಮ್ಮ ರಾಜ್ಯದಲ್ಲಿ 1977ರ ಕಾನೂನು ಅಧಿಕಾರಿಗಳ ನಿಯಮಗಳಿವೆ. ನಿಗಮ, ಮಂಡಳಿ, ನಗರಸಭೆಗಳ ಪ್ಯಾನಲ್‌ಗೆ ಅವುಗಳದೇ ಠರಾವು ಅಥವಾ ಸುತ್ತೋಲೆ ಆಧಾರವಾಗಿರುವುದರಿಂದ, ಆ ಕಾಗದ ಕೈಯಲ್ಲಿಲ್ಲದೆ ರಿಟ್ ಬರೆಯಲು ಕೂಡಬೇಡಿ.

ಇನ್ನು ಆ ಎರಡು ಸಾಲಿನ ಪತ್ರದ ಬಗ್ಗೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 3, ನಿಯಮ 4ರಂತೆ, ಕಕ್ಷಿದಾರ ಅಥವಾ ವಕೀಲ ಸಹಿ ಮಾಡಿದ ಬರಹವನ್ನು ನ್ಯಾಯಾಲಯದ ಅನುಮತಿಯಿಂದ ಸಲ್ಲಿಸುವವರೆಗೆ ವಕಾಲತ್ತು (ವಕೀಲನಿಗೆ ಪ್ರಕರಣ ನಡೆಸಲು ಕೊಟ್ಟ ಅಧಿಕಾರಪತ್ರ) ಜಾರಿಯಲ್ಲಿರುತ್ತದೆ. ಕಚೇರಿಯ ಪತ್ರ ಬಂದ ಮಾತ್ರಕ್ಕೆ ನಿಮ್ಮ ಹಿರಿಯರು ತಾರೀಖಿಗೆ ಗೈರಾದರೆ, ಪಾಟೀಸವಾಲು ಇಲ್ಲವೆಂದು ದಾಖಲಾಗಿ ಸಾಕ್ಷಿಯು ಹೇಳಿದ್ದೇ ಉಳಿದೀತು. ಶುಲ್ಕ ಬಾಕಿಯಿದೆಯೆಂದು ಕಡತಗಳನ್ನು ಹಿಡಿದಿಡುವುದೂ ತರವಲ್ಲ, ಆರ್.ಡಿ. ಸಕ್ಸೇನಾ ಪ್ರಕರಣದಲ್ಲಿ, 2000ರಲ್ಲಿಯೇ, ವಕೀಲನಿಗೆ ಅಂತಹ ಹಕ್ಕಿಲ್ಲವೆಂದು ತೀರ್ಮಾನವಾಗಿದೆ. ಪ್ರತಿ ಕಡತಕ್ಕೂ ಸ್ವೀಕೃತಿ ಪಡೆದು, ಮುಂದಿನ ತಾರೀಖನ್ನು ಅದರಲ್ಲಿಯೇ ಬರೆದು ಒಪ್ಪಿಸಲಿ, ಶುಲ್ಕವನ್ನು ಬೇರೆಯಾಗಿ ವಸೂಲು ಮಾಡಲಿ.

ಉತ್ತರ – ಹುಬ್ಬಳ್ಳಿ, ಕಚೇರಿಯೊಂದರ ಕಾನೂನು ಶಾಖೆಯಿಂದ ನಿವೃತ್ತರು

ಮಾಹಿತಿ ಹಕ್ಕು ಅರ್ಜಿಯಲ್ಲಿ ‘ಪ್ಯಾನಲ್ ಬಗ್ಗೆ ಮಾಹಿತಿ ಕೊಡಿ’ ಎಂದು ಬರೆದರೆ ಹೆಸರಿನ ಪಟ್ಟಿಯಷ್ಟೇ ಕೈಗೆ ಬರುತ್ತದೆ. ಟಿಪ್ಪಣಿ ಹಾಳೆಗಳ ದೃಢೀಕೃತ ನಕಲು, ಸಭೆಯ ನಡಾವಳಿ, ಬಂದ ಅರ್ಜಿಗಳನ್ನು ದಾಖಲಿಸುವ ಆವಕ ವಹಿಯ ಪುಟ, ಇವನ್ನು ಹೆಸರಿಸಿ ಕೇಳಿರಿ. ಅರ್ಜಿ ಕರೆಯದೆ ಆಯ್ಕೆಯಾಗಿದ್ದರೆ ಆವಕ ವಹಿಯೇ ಅದನ್ನು ಹೇಳುತ್ತದೆ. ಉತ್ತರ ಕೊಡಲು ಕಚೇರಿಗೆ 30 ದಿನಗಳ ಗಡುವಿರುವುದರಿಂದ ಈ ವಾರವೇ ಸಲ್ಲಿಸುವುದು ಒಳ್ಳೆಯದು.

ಇದು ವಕೀಲರ ಅನ್ನದ ಪ್ರಶ್ನೆ ಮಾತ್ರವಲ್ಲ ಎಂಬುದನ್ನು ರಿಟ್ ಅರ್ಜಿಯಲ್ಲಿ ಬರೆಯಿರಿ. ಭೂಸ್ವಾಧೀನದ ಪ್ರಕರಣಗಳಲ್ಲಿ ಮೇಲ್ಮನವಿಯ ಅವಧಿ ಮುಗಿಯುವವರೆಗೂ ತೀರ್ಪಿನ ನಕಲು ಕಚೇರಿಗೆ ತಲುಪದೆ, ಬಡ್ಡಿ ಬೆಳೆದು, ಕೊನೆಗೆ ನ್ಯಾಯಾಲಯದ ಅಮೀನರು ಬಂದು ಅಧಿಕಾರಿಯ ಜೀಪು, ಕಂಪ್ಯೂಟರ್, ಕುರ್ಚಿಗಳನ್ನು ಜಪ್ತಿ ಮಾಡಿ ಹೊರಗಿಟ್ಟದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಆ ಬಡ್ಡಿಯನ್ನು ತುಂಬುವುದು ಜನರ ತೆರಿಗೆಯಿಂದ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಕೃತಜ್ಞತೆಗಳು. ಅರ್ಜಿದಾರರು ಯಾರಾಗಬೇಕು? ಹಿರಿಯರೋ, ನಾನೋ?

ಧಾರವಾಡ ಪೀಠದ ವಕೀಲೆ

ಅರ್ಹತೆಯಿದ್ದೂ ಅರ್ಜಿ ಹಾಕುವ ಅವಕಾಶ ತಪ್ಪಿದವರು ನೀವು. ನೀವೇ ಆಗುವುದು ಸೂಕ್ತ. ಹಿರಿಯರು ಅರ್ಜಿದಾರರಾದರೆ ಅವಧಿ ಮುಂದುವರಿಕೆಯ ಹಟವೆಂದು ತಳ್ಳಿಹಾಕುವುದು ಎದುರಿನವರಿಗೆ ಸುಲಭ. ಹೊಸದಾಗಿ ನೇಮಕಗೊಂಡ ಪ್ರತಿಯೊಬ್ಬರನ್ನೂ ಪ್ರತಿವಾದಿಗಳನ್ನಾಗಿ ಸೇರಿಸಲು ಮರೆಯಬೇಡಿ, ಅವರನ್ನು ಕೇಳದೆ ಅವರ ನೇಮಕವನ್ನು ರದ್ದುಪಡಿಸಲು ಯಾವ ಪೀಠವೂ ಒಪ್ಪುವುದಿಲ್ಲ. ದಾಖಲೆ ಕೈಸೇರಿದ ಮೇಲೆ ತಡ ಮಾಡಬೇಡಿ.